ಹಾಡಿನಲ್ಲಿ ಇಲ್ಲದ ಮಾತು

"ಬಾಯ್ ಮುಚ್ಚೇ, ದರಿದ್ರ ಮುಂಡೆ! ಸ್ಪೀಕರ್ ಹಾಡ್ತಿರೋದು ಕಿವಿಗೆ ಬೀಳ್ತಿಲ್ವಾ? ಇವತ್ತಿಂದ ನಿನ್ನ ಕಾಗೆ ಕೂಗು ಬಂದ್."

ಸೂಪರ್‌ವೈಸರ್ ಹೀಗೆ ಕಿರುಚುವಾಗ ಒದ್ದೆ ಬೆಡ್‌ಶೀಟಿನ ಒಂದು ಮೂಲೆ ಕೂಗಕ್ಕನ ಕೈಯಲ್ಲಿತ್ತು, ಇನ್ನೊಂದು ಮೂಲೆ ಕುಳ್ಳಿಯ ಕೈಯಲ್ಲಿ. ಎದುರಿಗೆ ಶೀಟನ್ನು ಒಳಗೆಳೆದು ಇಸ್ತ್ರಿ ಮಾಡುವ, ಹಬೆಯಾಡುವ ಕಾದ ಉರುಳೆ. ಆಸ್ಪತ್ರೆಗಳ ಬಟ್ಟೆ ಒಗೆಯುವ ಆ ಕಾರ್ಖಾನೆಯಲ್ಲಿ ಇಂಥ ಎಂಟು ಉರುಳೆಗಳಿದ್ದವು, ಒಂದೊಂದಕ್ಕೂ ಇಬ್ಬಿಬ್ಬರು. ಎಂಟಕ್ಕೂ ಸೇರಿ ಕೂಗುವವಳು ಕೂಗಕ್ಕ ಒಬ್ಬಳೇ.

"ಹಿಡಿಯೋ... ಎಳೆಯೋ... ನೋಡ್ಕೋ... ಬಿಡೋ..."

ಎಳೆಯೋ ಅಂದಾಗ ಶೀಟು ಬಿಗಿಯಾಗಬೇಕು. ನೋಡ್ಕೋ ಅಂದಾಗ ಎದುರಿನವರ ಬೆರಳು ನೋಡಬೇಕು. ಬಿಡೋ ಅಂದಾಗ ಇಬ್ಬರೂ ಒಟ್ಟಿಗೆ ಉರುಳೆಗೆ ಕೊಟ್ಟು ಕೈ ತೆಗೆಯಬೇಕು. ಆ ಮಾತು ಬರುವ ತನಕ ಆಕಾಶ ಕಳಚಿ ಬಿದ್ದರೂ ಯಾರೂ ಬಿಡುವಂತಿಲ್ಲ. ಯಾರಿಗಾದರೂ ಸುಸ್ತಾದರೆ ಕೂಗಕ್ಕ 'ನೋಡ್ಕೋ'ವನ್ನು ಒಂದಿಷ್ಟು ಉದ್ದ ಎಳೆಯುತ್ತಿದ್ದಳು. ಹದಿನಾರು ಜನ ಉಸಿರು ತೆಗೆದುಕೊಳ್ಳುತ್ತಿದ್ದುದು ಆ ಎಳೆತದಲ್ಲೇ. ಇಪ್ಪತ್ತು ವರ್ಷ ಕೂಗಿ ಕೂಗಿ ಅವಳ ನಿಜವಾದ ಹೆಸರೇ ಎಲ್ಲರಿಗೂ ಮರೆತುಹೋಗಿತ್ತು.

ಈಗ ಸ್ಪೀಕರಿನಲ್ಲಿ ಕೂಗುತ್ತಿದ್ದವನು ಅವಳ ಒಡಹುಟ್ಟಿದ ತಮ್ಮ.

ಅವನೂ ಏಳು ವರ್ಷ ಇದೇ ಉರುಳೆಯ ಮುಂದೆ ಅವಳ ಎದುರು ಮೂಲೆ ಹಿಡಿದವನೇ. ಆಮೇಲೆ ರ‍್ಯಾಪ್ ಹಾಡಿ 'ಸಿಡಿಲು' ಆದ. ಮೊದಲ ಆಲ್ಬಮ್ಮಿಗೆ ಊರೆಲ್ಲ ಕುಣಿಯಿತು, ಎರಡನೆಯದಕ್ಕೆ ನಾಯಿಯೂ ಬಾಲ ಅಲ್ಲಾಡಿಸಲಿಲ್ಲ. ಆರು ವರ್ಷ ಎಲ್ಲಿದ್ದನೋ. ಒಂದು ದಿನ ಬಂದು ಅಕ್ಕನ ಮನೆಯ ಚಾಪೆಯ ಮೇಲೆ ಬಿದ್ದುಕೊಂಡ. ಎರಡು ತಿಂಗಳು ಅವಳ ಅನ್ನ ತಿಂದ. ಸಂಜೆ ಅವಳು ಬಂದ ಕೂಡಲೇ ಫೋನು ಮುಂದಿಡುತ್ತಿದ್ದ. "ಅಕ್ಕ, ಇನ್ನೊಂದ್ಸಲ ಕೂಗೇ." ಇವಳೋ ಪೆದ್ದಿ. ತಮ್ಮ ಮತ್ತೆ ಬಾಯಿ ಬಿಡುತ್ತಿದ್ದಾನಲ್ಲ ಅಂತ ಖುಷಿಯಿಂದ ಕೂಗಿದಳು.

ಹೊಸ ಆಲ್ಬಮ್ ಬಂತು, ಅಕ್ಕನ ಕೂಗೇ ಅದರ ಹಾಡು. ಸಿಡಿಲು ಮರಳಿ ಬಂದ, ದುಡಿಯುವ ಜನಕ್ಕೆ ದನಿ ಕೊಟ್ಟ ಎಂದು ಪೇಪರಿನವರು ಬರೆದರು. ದನಿ ಕೊಟ್ಟನಂತೆ! ಇವಳ ಗಂಟಲು ಇಪ್ಪತ್ತು ವರ್ಷ ಏನು ಕಡಲೆ ಹುರಿಯುತ್ತಿತ್ತೇ? ಹೊಟ್ಟೆ ಉರಿಯಿತು ಕೂಗಕ್ಕನಿಗೆ. ಸುಳ್ಳು ಯಾಕೆ, ಗೋಡೆಗೋಡೆಯ ಮೇಲಿದ್ದ ಅವನ ಮುಖವನ್ನು ಉಗುರಿನಿಂದ ಕೆರೆದು ಹಾಕಬೇಕೆನ್ನಿಸುತ್ತಿತ್ತು. ಮನೆಯಲ್ಲಿ ಪಾತ್ರೆ ಉಜ್ಜುತ್ತಾ ಕೂಗು ಗುನುಗಿದರೆ ಮಗಳು ತಿದ್ದಿದಳು.

"ಅಮ್ಮಾ, ಮಾವನ ಹಾಡನ್ನ ತಪ್ಪು ಹೇಳ್ತಿದ್ದೀಯ. ಅದ್ರಲ್ಲಿ 'ನೋಡ್ಕೋ' ಇಲ್ಲ."

ಹೌದು, ಇರಲಿಲ್ಲ. ಹಿಡಿಯೋ, ಎಳೆಯೋ, ಬಿಡೋ. ಓಡುವ ತಾಳ. ಸೂಪರ್‌ವೈಸರಿಗೆ ಹಬ್ಬವಾಯಿತು. ಹೊತ್ತು ಹುಟ್ಟಿದರೆ ಸ್ಪೀಕರಿನಲ್ಲಿ ಅದೇ ಹಾಡು, ಕೈಗಳೆಲ್ಲ ಅದರ ಹಿಂದೆ.

ನಾಲ್ಕನೇ ದಿನ ಕುಳ್ಳಿ ಒಂದು ಗಳಿಗೆ ತಡವಾಗಿ ಕೈ ತೆಗೆದಳು. ಅವಳ ಕಿರುಚಾಟದ ಮೇಲೂ ಸಿಡಿಲು ಹಾಡುತ್ತಲೇ ಇದ್ದ. ಎರಡು ಬೆರಳ ಚರ್ಮ ಶೀಟಿಗೆ ಅಂಟಿಕೊಂಡು ಹೊರಬಂತು.

"ಥೂ! ಶೀಟು ಹಾಳಾಯ್ತಲ್ಲೇ," ಎಂದ ಸೂಪರ್‌ವೈಸರ್.

ಮರುವಾರ ಸಿಡಿಲು ಕ್ಯಾಮೆರಾದವರ ಜೊತೆ ಬಂದ, ಹಾಡಿಗೆ ವಿಡಿಯೋ ಮಾಡಲು. ಹೊಸದಾಗಿ ಹೊಲಿಸಿ, ಬೇಕೆಂದೇ ಮಾಸಿಸಿದ ಸಮವಸ್ತ್ರ ತೊಟ್ಟಿದ್ದ. ಸೂಪರ್‌ವೈಸರ್ ಸಾರ್, ಸಾರ್ ಎನ್ನುತ್ತ ಅವನ ಹಿಂದೆ ಮುಂದೆ ಸುಳಿದಾಡಿದ.

"ಚೆನ್ನಾಗಿದ್ದೀಯಾ ಅಕ್ಕ?"

"ಕುಳ್ಳಿ ಕೈ ನೋಡಿದ್ಯಾ?"

ಮೂಲೆಯಲ್ಲಿ ಕುಳ್ಳಿ ಬ್ಯಾಂಡೇಜು ಕಟ್ಟಿದ ಕೈಯಲ್ಲೇ ದಿಂಬಿನ ಚೀಲ ಮಡಚುತ್ತಿದ್ದಳು. ಸಿಡಿಲು ನೋಡಿದ, ಬೇರೆ ಕಡೆ ತಿರುಗಿದ.

"'ನೋಡ್ಕೋ' ಯಾಕೋ ತೆಗ್ದೆ, ಬೋಳಿಮಗನೆ?"

"ಅದಿದ್ರೆ ತಾಳ ಬಿದ್ದೋಗ್ತಿತ್ತು ಅಕ್ಕ. ಹೊಟ್ಟೆಕಿಚ್ಚು ಪಡ್ಬೇಡ ಕಣೇ. ನಿನ್ನ ಕೂಗು ಇವತ್ತು ಲೋಕಕ್ಕೆಲ್ಲ ಗೊತ್ತಾಯ್ತು."

"ಹೊಟ್ಟೆಕಿಚ್ಚೇ ಕಣೋ. ಇಲ್ಲ ಅಂದ್ನಾ? ನಿಂಗೆ ಬಿದ್ರೆ ತಾಳ, ನಮ್ಗೆ ಬಿದ್ರೆ ಬೆರಳು."

"ಏಯ್, ಸಾಕು ನಿನ್ನ ಪುರಾಣ!" ಸೂಪರ್‌ವೈಸರ್ ಅವಳ ರಟ್ಟೆ ಹಿಡಿದು ಉರುಳೆಯ ಮುಂದೆ ನಿಲ್ಲಿಸಿದ. "ಕ್ಯಾಮೆರಾಕ್ಕೆ ಬೆನ್ನು ಹಾಕಿ ನಿಂತ್ಕೋ. ತುಟಿ ಅಲ್ಲಾಡಿದ್ರೆ ನಾಳೆಯಿಂದ ಬರ್ಬೇಡ. ತಿಳೀತಾ?"

ಕುಳ್ಳಿಯ ಮೂಲೆಯನ್ನು ಸಿಡಿಲು ಹಿಡಿದ. ಸ್ಪೀಕರು ಶುರುವಾಯಿತು. ಕೂಗಕ್ಕ ಹೊಟ್ಟೆಯೊಳಗಿನ ಅಷ್ಟೂ ಉರಿಯನ್ನು ಗಂಟಲಿಗೆ ತಂದುಕೊಂಡಳು.

"ಹಿಡಿಯೋ..."

ಸ್ಪೀಕರು ಅವಳ ಮುಂದೆ ಸೊಳ್ಳೆಯಾಯಿತು. ಎಂಟೂ ಉರುಳೆಗಳ ಮುಂದೆ ಕೈಗಳು ಅವಳ ಮಾತಿಗೆ ಹೊರಳಿದವು.

"ಎಳೆಯೋ..."

ಎಂಟು ಶೀಟುಗಳು ಬಿಗಿದು ನಿಂತವು. ಸಿಡಿಲಿನದೂ. ಏಳು ವರ್ಷದ ಅಭ್ಯಾಸ ಎಲ್ಲಿ ಹೋದೀತು?

"ನೋಡ್ಕೋ..."

ಅವನು ನೋಡಿದ. ಅಕ್ಕನ ಬೆರಳುಗಳಲ್ಲಿ, ಇದೇ ಉರುಳೆ ಹಿಂದೆಂದೋ ಸುಟ್ಟು ಉಗುರೇ ಇಲ್ಲದಾದ ಎರಡು ಬೆರಳು.

ಮುಂದಿನ ಮಾತು ಬರಲಿಲ್ಲ.

ಉರುಳೆಗಳು ಬರಿದೇ ತಿರುಗುತ್ತಿದ್ದವು. ಹಾಡು ಮುಗಿದು ಮತ್ತೆ ಮೊದಲಿನಿಂದ ಶುರುವಾಯಿತು. ಹಿಂದೆ ಒದ್ದೆ ಬಟ್ಟೆಯ ಗಾಡಿಗಳು ಒಂದರ ಹಿಂದೊಂದು ಬಂದು ಸಿಕ್ಕಿಕೊಂಡವು. "ಬಿಡ್ರೋ! ಬಿಡ್ರೋ ಸೂಳೆಮಕ್ಳಾ!" ಎಂದು ಸೂಪರ್‌ವೈಸರ್ ಅಲ್ಲಿಂದಿಲ್ಲಿಗೆ ಓಡಾಡಿದ. ಯಾರೂ ಬಿಡಲಿಲ್ಲ. ಅದು ಅವನು ಹೇಳುವ ಮಾತಲ್ಲ.

ಸಿಡಿಲು ಜಾರುತ್ತಿದ್ದ ಮೂಲೆಯನ್ನು ಮತ್ತೆ ಬಿಗಿದು ಹಿಡಿದ. ಹಣೆಯ ಬೆವರು ಕಣ್ಣಿಗಿಳಿಯಿತು.

"ಅಕ್ಕ... 'ಬಿಡೋ' ಅನ್ನೇ."

ಕೂಗಕ್ಕ ಬಾಯಿ ಮುಚ್ಚಿಕೊಂಡು ನಿಂತಿದ್ದಳು.