ಅವಿಸಳ ಅಳತೆ

ಕಾಯಿಲೆಯವರನ್ನು ನೂಲಿನಲ್ಲಿ ಅಳೆಯುವುದು ನನ್ನ ಕೆಲಸ. ನೆತ್ತಿಯಿಂದ ಹಿಮ್ಮಡಿಯವರೆಗೆ ನೂಲು ಹಿಡಿದು ಕತ್ತರಿಸಿ, ಅದನ್ನೇ ಬತ್ತಿ ಮಾಡಿ ಮೇಣ ಹೊಯ್ದು ಕೊಡುತ್ತೇನೆ. ಆಳುದ್ದದ ಆ ಬತ್ತಿಯನ್ನು ಸುರುಳಿ ಸುತ್ತಿ ಸಂತರಾದ ನಮ್ಮ ಹಿಂದಿನ ಬಿಷಪ್ಪರ ಸಮಾಧಿಯ ಮುಂದೆ ಹಚ್ಚುತ್ತಾರೆ. ಅಳತೆ ಸರಿಯಿದ್ದರೆ ಸಂತರು ಆಳನ್ನು ಗುರುತು ಹಿಡಿದು ಕೈ ಹಿಡಿಯುತ್ತಾರೆ. ದೊಡ್ಡ ಇಗರ್ಜಿಯ ಉತ್ತರದ ಬಾಗಿಲಲ್ಲಿ ಕೂತು ಇಪ್ಪತ್ತು ವರ್ಷದಿಂದ ಇದನ್ನೇ ಮಾಡುತ್ತಿದ್ದೇನೆ.

ಎಡ್ವರ್ಡ್ ದೊರೆ ಸ್ಕಾಟರ ಮೇಲೆ ದಂಡು ಕಟ್ಟಿಕೊಂಡು ಹೋದ ವರ್ಷ, ಉಪವಾಸದ ತಪಸ್ಸುಕಾಲದಲ್ಲಿ ಒಂದು ಬೆಳಗ್ಗೆ ಗುನ್ನೋರಾ ಬಂದಳು. ನದಿಯಾಚೆ ಉಣ್ಣೆ ಬಟ್ಟೆಯನ್ನು ನೀರಲ್ಲಿ ತುಳಿದು ಹದ ಮಾಡುವವರ ಮನೆಯವಳು. ಕಂಕುಳಲ್ಲಿ ಒಂದು ಹಸಿರು ಅಂಗಿ.

"ಮೇಣದಕ್ಕಾ, ಇದನ್ನ ಅಳೆದು ಬತ್ತಿ ಮಾಡಿಕೊಡು."

"ಅಂಗಿಗೇ ಬಂತೇನೇ ಜ್ವರ?" ಎಂದು ತಮಾಷೆ ಮಾಡಿದೆ. ಅವಳ ಮುಖ ನೋಡಿದ ಮೇಲೆ ಯಾಕಾದರೂ ಮಾಡಿದೆನೋ ಅನ್ನಿಸಿತು.

ಅವಿಸ್ ಅವಳ ಒಬ್ಬಳೇ ಮಗಳು. ಮೂರು ವರ್ಷದ ಹಿಂದೆ, ಹದಿಮೂರರ ಹುಡುಗಿ, ಜೆರುಸಲೇಮಿಗೆ ಯಾತ್ರೆ ಹೊರಟ ಒಬ್ಬ ಒಡತಿಯ ಜೊತೆ ಊಳಿಗಕ್ಕೆಂದು ಹೋಗಿದ್ದಳು. ಒಡತಿ ದಾರಿಯಲ್ಲಿ ರೋಮಾಪುರಿಯಲ್ಲೇ ಎರಡು ವರ್ಷ ಕೂತುಬಿಟ್ಟಳಂತೆ. ಆ ತಂಡದಲ್ಲಿದ್ದ ದರ್ಜಿ ಹಾಮೋ ನಿನ್ನೆ ಒಬ್ಬನೇ ಊರಿಗೆ ಮರಳಿದ್ದ. ಅವನು ತಂದ ಸುದ್ದಿ ಇಷ್ಟು: ಬಾರ್ಲೆಟ್ಟಾ ಎಂಬ ರೇವಿನ ಊರಲ್ಲಿ ಅವಿಸಳಿಗೆ ಜ್ವರ ಬಂತು, ಛತ್ರದ ಬಾಗಿಲಲ್ಲಿ ಅವಳನ್ನು ಮಲಗಿಸಿ ಒಡತಿ ಹಡಗು ಹತ್ತಿದಳು. ಅದು ಸಂತ ಮಿಕೇಲರ ಹಬ್ಬದ ಹೊತ್ತಿನ ಮಾತು. ಆಗಲೇ ಆರು ತಿಂಗಳು.

"ಉಸಿರಿತ್ತಂತಾ?" ಎಂದೆ.

"ಹಡಗು ಬಿಡೋವಾಗ ಇತ್ತಂತೆ." ಅಂಗಿಯನ್ನು ನನ್ನ ತೊಡೆಯ ಮೇಲೆ ಹಾಸಿದಳು. "ಅಳಿ ಅಕ್ಕಾ, ಬೇಗ."

"ಇದು ಹದಿಮೂರರ ಮಗೂದು ಕಣೇ. ಈಗ ಹದಿನಾರು. ಎಷ್ಟುದ್ದ ಬೆಳೆದಿದಾಳೋ ಏನೋ. ಈ ಅಳತೆ ಕೊಟ್ರೆ ಸಂತರು ಅಲ್ಲಿ ಹೋಗಿ ಚಿಕ್ಕ ಹುಡುಗೀನ ಹುಡುಕ್ತಾರೆ, ಸಿಗಲ್ಲ, ತಿರುಗಿ ಬರ್ತಾರೆ."

ಹಾಮೋನನ್ನು ಕೇಳಿದ್ದಳಂತೆ. ಎಷ್ಟುದ್ದ ಇದ್ದಾಳೆ ಎಂದರೆ ಆ ದರ್ಜಿ ತನ್ನ ಭುಜ ಮುಟ್ಟಿ ತೋರಿಸಿದ. ಮತ್ತೆ ಕೇಳಿದರೆ ಕಿವಿ ಮುಟ್ಟಿದ. ಊರವರ ತೋಳೆಲ್ಲ ಅಳೆಯುವವನು, ಅವಳನ್ನು ಒಂದು ದಿನವೂ ಸರಿಯಾಗಿ ನೋಡಿರಲಿಲ್ಲ.

ಗುನ್ನೋರಾ ಅಂಗಿಯನ್ನು ಮಡಚಿದಳು, ಬಿಚ್ಚಿದಳು, ಮತ್ತೆ ಮಡಚಿದಳು. ಆಮೇಲೆ ತಟ್ಟನೆ ನನ್ನ ಮೊಣಕೈ ಹಿಡಿದಳು.

"ಅವಳ ಉದ್ದ ಗೊತ್ತಿಲ್ಲ, ಸರಿ. ದೂರ ಇದೆಯಲ್ಲ? ನನ್ನಿಂದ ಅವಳವರೆಗಿನ ದೂರ ಅಳಿ. ಒಳಗೆ ಆ ಚರ್ಮದ ಮೇಲೆ ಲೋಕಾನೇ ಬರೆದಿಟ್ಟಿದಾರಲ್ಲ. ಸಂತರು ಆ ನೂಲು ಹಿಡ್ಕೊಂಡು ಹೋಗ್ಲಿ."

ಇಲ್ಲ ಅನ್ನಬೇಕಿತ್ತು. ನೂಲಿನ ಉಂಡೆ ತೆಗೆದುಕೊಂಡು ಎದ್ದೆ.

ಲೋಕದ ನಕ್ಷೆ ದಕ್ಷಿಣದ ಗೋಡೆಗೆ, ಮರದ ಕದದ ಹಿಂದೆ ತೂಗುತ್ತದೆ. ಒಂದೇ ಕರುವಿನ ಚರ್ಮ, ಮೇಲ್ಗಡೆ ಪೂರ್ವ ದಿಕ್ಕು. ಕಾವಲಿಗಿದ್ದ ಪಾದ್ರಿ ವಾರಿನ್ ಸ್ವಾಮಿಗಳು ನನ್ನ ಕೈಯ ನೂಲು ನೋಡಿ ನಕ್ಕರು.

"ಏನೇ ಮೇಣದವಳೇ, ಲೋಕಾನೇ ಅಳೆಯೋಕೆ ಬಂದ್ಯಾ? ಅದಕ್ಕೆ ಕಾಯಿಲೆ ಇರೋದೇನೋ ನಿಜ. ನಿನ್ನ ಮೇಣ ಸಾಲಲ್ಲ."

ವಿಷಯ ಹೇಳಿದೆ. ನಗು ನಿಲ್ಲಿಸಿ ಕದ ತೆರೆದರು. ಎಡಗಡೆ ಕೆಳಗಿನ ಮೂಲೆಯಲ್ಲಿ ನಮ್ಮ ಊರು. ಬಂದವರೆಲ್ಲ ಮುಟ್ಟಿ ಮುಟ್ಟಿ ಆ ಜಾಗ ಕೊಳೆಯಾಗಿ ಅಳಿಸಿಹೋಗಿದೆ. ಗುನ್ನೋರಾ ಅಲ್ಲಿ ನೂಲಿನ ತುದಿಯನ್ನು ಹೆಬ್ಬೆರಳಿನಿಂದ ಒತ್ತಿ ಹಿಡಿದಳು.

"ಈಗ ಬಾರ್ಲೆಟ್ಟಾ ತೋರಿಸಿ ಸ್ವಾಮಿ."

ಅವರು ಕೋಲಿನ ತುದಿಯಿಂದ ಸಮುದ್ರದ ದಂಡೆಯುದ್ದಕ್ಕೂ ಓದುತ್ತ ಹೋದರು. ಮತ್ತೊಮ್ಮೆ ಮೊದಲಿನಿಂದ ಓದಿದರು. ಕೋಲು ಕೆಳಗಿಳಿಯಿತು.

"ಇಲ್ಲಮ್ಮ. ಆ ಊರು ಇದರಲ್ಲಿ ಬರೆದಿಲ್ಲ."

"ಸರಿಯಾಗಿ ನೋಡಿ."

"ಎರಡು ಸಲ ನೋಡ್ದೆ."

"ಆ ಅಂಚಲ್ಲಿ ನಿಂತಿದಾರಲ್ಲ, ಅವರ್ಯಾರು?"

"ನಾಯಿ ಮುಖದ ಜನ."

"ಅವರನ್ನ ಕಂಡೋರು ಯಾರಾದ್ರೂ ಇದಾರಾ?" ಗುನ್ನೋರಾಳ ದನಿ ಕಂಬಗಳಿಗೆ ತಾಗಿ ತಿರುಗಿ ಬಂತು. "ನಾಯಿ ಮುಖದವರಿಗೆ ಜಾಗ ಇದೆ, ಅಲ್ಲಿ ಬರೆದಿರೋ ಆ ಒಂಟಿ ಕಾಲಿನವನಿಗೆ ಜಾಗ ಇದೆ, ನನ್ನ ಮಗಳು ಬಿದ್ದಿರೋ ಊರಿಗೆ ಒಂದು ಚುಕ್ಕೆ ಇಡೋಕಾಗಲಿಲ್ವಾ ನಿಮ್ಮ ಕೈಲಿ?"

ನಕ್ಷೆ ಬರೆದವರು ಸ್ವಾಮಿಗಳಲ್ಲ. ಆದರೂ ತಲೆ ತಗ್ಗಿಸಿದರು.

"ರೋಮಾಪುರಿವರೆಗೆ ಅಳೀರಿ," ಎಂದರು ಮೆಲ್ಲಗೆ. "ಅಲ್ಲಿಂದ ಹತ್ತಿರವೇ ಇರಬೇಕು."

"ರೋಮಾಪುರೀಲಿ ಅವಳಿಲ್ಲ."

"ಹಾಗಾದ್ರೆ ಜೆರುಸಲೇಮಿಗೆ. ಅವಳು ಹೊರಟಿದ್ದು ಅಲ್ಲಿಗೇ ತಾನೆ? ಎಲ್ಲಿ ಬಿದ್ದಿದ್ರೂ ಆ ದಾರೀಲೇ ಬಿದ್ದಿರ್ತಾಳೆ."

ನಾನು ನೂಲನ್ನು ನಕ್ಷೆಯ ನಡುಮಧ್ಯದಲ್ಲಿ ದುಂಡಗೆ ಬರೆದ ಜೆರುಸಲೇಮಿನವರೆಗೆ ಎಳೆದು ಕತ್ತರಿಸಿದೆ. ಗುನ್ನೋರಾ ಅದನ್ನು ಅಂಗೈ ಮೇಲೆ ಹಾಕಿಕೊಂಡಳು. ಎರಡು ಗೇಣು, ಮೇಲೆ ನಾಲ್ಕು ಬೆರಳು.

"ಇಷ್ಟೇನಾ?"

ಅದನ್ನು ಮಡಚಿದ ತೋಳಿನ ಮೇಲೆ ಹಾಸಿ ನೋಡಿದಳು.

"ಹುಟ್ಟಿದಾಗ ಇಷ್ಟೇ ಇದ್ದಳು," ಎಂದಳು.

ನಾನು ಕೊಟ್ಟವುಗಳಲ್ಲೆಲ್ಲ ಅತಿ ಚಿಕ್ಕ ಬತ್ತಿ ಅದು. ಸುತ್ತುವಷ್ಟೂ ಉದ್ದವಿಲ್ಲ. ಮೇಣ ದಪ್ಪ ಹೊಯ್ದೆ, ಆದಷ್ಟು ಹೊತ್ತು ಉರಿಯಲಿ ಎಂದು. ಮಧ್ಯಾಹ್ನದ ಹೊತ್ತಿಗೆ ಸಮಾಧಿಯ ಮುಂದೆ ನೆಟ್ಟು ಹಚ್ಚಿದೆವು. ಬಾಗಿಲಿಂದ ಗಾಳಿ ನುಗ್ಗಿದಾಗಲೆಲ್ಲ ಜ್ವಾಲೆ ವಾಲಿ ಮೇಣ ಒಂದೇ ಕಡೆಯಿಂದ ಸುರಿಯುತ್ತಿತ್ತು. ಗುನ್ನೋರಾ ಮೊಣಕಾಲೂರಿಕೊಂಡೇ ಗಾಳಿಗೆ ಅಡ್ಡವಾಗಿ ಲಂಗ ಹರಡಿದಳು. ಇಳಿದ ಮೇಣವನ್ನು ಬರಿಗೈಯಲ್ಲಿ ತೆಗೆದು ಮತ್ತೆ ಬುಡಕ್ಕೆ ಹಚ್ಚಿದಳು. ಸಾಕು ಬಿಡು, ಕೈ ಸುಡುತ್ತೆ ಎಂದೆ. ಕೇಳಿಸಲಿಲ್ಲ ಅವಳಿಗೆ.

ಸಂಜೆಯ ಕೀರ್ತನೆ ಅರ್ಧಕ್ಕೆ ಬಂದಾಗ ಬತ್ತಿ ಚಟಪಟ ಎಂದು ಆರಿತು.

ಬಂದವರೆಲ್ಲ ಹೋದರು. ವಾರಿನ್ ಸ್ವಾಮಿಗಳು ಬಾಗಿಲು ಹಾಕಲು ಬಂದು, ನಮ್ಮನ್ನು ನೋಡಿ ದೂರದಲ್ಲೇ ನಿಂತರು. ನಾನು ಅವಳ ತೋಳು ಹಿಡಿದು ಎಬ್ಬಿಸಲು ಹೋದೆ.

"ಇನ್ನೊಂದು ಮಾಡು," ಎಂದಳು.

"ಮಾಡಿದ್ದಾಯ್ತಲ್ಲೇ ತಾಯೀ. ಸಂತರಿಗೆ ಮುಟ್ಟಿದೆ. ಮನೆಗೆ ನಡಿ."

"ಅವರು ಅಲ್ಲಿಗೆ ಹೋಗೋಕೆ ಅದು ಆಯ್ತು ಅಕ್ಕಾ." ಸುಟ್ಟ ಬೆರಳುಗಳನ್ನು ನನ್ನ ಕಡೆ ಚಾಚಿದಳು. "ಅವಳನ್ನ ಕರ್ಕೊಂಡು ವಾಪಸ್ ಬರಬೇಕಲ್ಲ. ಕತ್ತಲಲ್ಲಿ ಹೆಂಗೆ ಬರ್ತಾರೆ?"

ನಾನು ಸ್ವಾಮಿಗಳ ಕಡೆ ನೋಡಿದೆ. ಅವರು ಬೀಗದ ಕೈಯನ್ನು ಮತ್ತೆ ಸೊಂಟಕ್ಕೆ ಸಿಕ್ಕಿಸಿಕೊಂಡರು. ಬಾಗಿಲ ಬಳಿ ಮೇಣ ಕಾಯಿಸುವ ನನ್ನ ಒಲೆ ತಣ್ಣಗಾಗಿತ್ತು. ಕೂತು, ಬೂದಿ ಕೆದಕಿ, ಎಲ್ಲಾದರೂ ಒಂದು ಕೆಂಡ ಉಳಿದಿದೆಯೇ ಎಂದು ಹುಡುಕತೊಡಗಿದೆ.