ನೆಲ ಮುಟ್ಟಿದ ನ್ಯಾಯಾಧೀಶ

ಫೋನಿನ ಗಾಜಿಗೆ ಮೀನಿನ ಹುರುಪೆಯೊಂದು ಅಂಟಿದೆ, ಅದರಡಿ ನಾನು, ಕರಿಕೋಟು ಹಾಕಿದ ನಾನು, ಒರೆಸಬೇಕು, ಒರೆಸಿದರೆ ಚಿತ್ರವೇ ಓಡಿಹೋದೀತೇನೋ — ಅಜ್ಜಯ್ಯ, ಇದ್ ನೀವಾ, ಎಂತ ಗತ್ತ್ ಮರಾಯ್ರೆ, ಎನ್ನುತ್ತಾಳೆ ಮೊಮ್ಮಗಳು ದೀಕ್ಷಾ, ಹೌದು, ನಾನೇ, ದೂರದರ್ಶನದ ಕಾಯಂ ನ್ಯಾಯಾಧೀಶ, ಕಾಯಂ ಪೋಸ್ಟ್‌ಮ್ಯಾನ್, ಎರಡನೇ ಕಂತಿಗೇ ಸಾಯುವ ರೋಗಿ, ಕೊನೆಯಲ್ಲಿ ಹೆಸರು ಓಡುವಾಗ ಮತ್ತು ಇತರರು ಎಂದಷ್ಟೇ, ಆ ಇತರರಲ್ಲಿ ಕೋಡಿಯ ಶೀನನಾದ ನಾನೂ ಒಬ್ಬ. ಈ ಧಾರಾವಾಹಿಯನ್ನು ನಾಡೆಲ್ಲ ನೋಡಿತು, ನಾನೊಬ್ಬ ನೋಡಲಿಲ್ಲ, ಪ್ರಸಾರದ ಹೊತ್ತಿಗೆ ಮತ್ತೊಂದು ಸೆಟ್ಟಿನಲ್ಲಿ ಮೀಸೆ ಅಂಟಿಸಿಕೊಳ್ಳುತ್ತಿದ್ದೆ, ಆಮೇಲೆ ಕೇಳಿದರೆ ಆ ಟೇಪಿನ ಮೇಲೆ ಬೇರೇನೋ ತುಂಬಿಸಿದೆವು, ಹೋಯಿತು ಅಂದರು, ಹೋದದ್ದು ಯಾರ ಮನೆಯ ಕ್ಯಾಸೆಟ್ಟಿನಲ್ಲೋ ಉಳಿದು ಈಗ ಈ ಗಾಜಿನೊಳಗೆ, ಅಬ್ಬಬ್ಬಾ, ಎಂಥ ಸೋಜಿಗ.

ಆದರೆ ನನಗೆ ಬೇಕಿರುವುದು ಈ ಗತ್ತಲ್ಲ, ಬಾಗಿಲು ತೆರೆದು ಒಳಬರುವ ಆ ದೃಶ್ಯ, ನನ್ನ ಹೆತ್ತ ಅಬ್ಬಿ ಹೇಳಿದ್ದು ನಿಜವೋ ಸುಳ್ಳೋ — ಅಪ್ಪಯ್ಯನ ಒಂದು ಫೋಟೋ ಇಲ್ಲ, ನಾನಿನ್ನೂ ಚಡ್ಡಿ ಹಾಕದ ವಯಸ್ಸು, ಅಳಿವೆಯಲ್ಲಿ ದೋಣಿ ಮಗುಚಿತು, ದೋಣಿ ಸಿಕ್ಕಿತು, ಅವರು ಸಿಗಲಿಲ್ಲ, ಎಷ್ಟು ಕಣ್ಣು ಮುಚ್ಚಿದರೂ ಮುಖ ನೆನಪಾಗುವುದಿಲ್ಲ, ಹಾಳಾದ್ದು, ಬೇರೆಯವರ ಮಾತನ್ನು ಪುಟಗಟ್ಟಲೆ ಬಾಯಿಪಾಠ ಮಾಡಿದ ತಲೆ ಇದು. ನಮ್ಮವರು ದೋಣಿ ಹತ್ತುವ ಮೊದಲು ಬಗ್ಗಿ ನೀರು ಮುಟ್ಟಿ ಕಣ್ಣಿಗೊತ್ತಿಕೊಳ್ಳುತ್ತಾರೆ, ನಾನು ಸೆಟ್ಟಿನ ನೆಲಕ್ಕೂ ಹಾಗೇ ಮಾಡುತ್ತಿದ್ದೆ, ಕ್ಯಾಮೆರಾ ಓಡುವ ಮುಂಚೆ, ಯಾರಿಗೂ ಕಾಣದ ಹಾಗೆ, ಆವತ್ತು ಓಡುತ್ತಿದ್ದದ್ದು ಗೊತ್ತಾಗಲಿಲ್ಲ, ನ್ಯಾಯಾಧೀಶನ ವೇಷದಲ್ಲೇ ಬಾಗಿಲಲ್ಲಿ ಬಗ್ಗಿಬಿಟ್ಟೆ. ಏನ್ರೀ, ಜಡ್ಜು ನೆಲ ಮುಟ್ಟುತ್ತಾನೇನ್ರೀ, ನಿರ್ದೇಶಕರು ಸಿಡುಕಿದರು, ಮತ್ತೆ ತೆಗೆಯಲು ಹೊತ್ತಿಲ್ಲ, ಹಾಳಾಗಿ ಹೋಗಲಿ, ಇರಲಿ ಅಂದರು. ಊರಿಗೆ ಬಂದರೆ ಅಬ್ಬಿ, ಪಕ್ಕದ ಪದ್ದು ಮನೆಯ ಟೀವಿಯಲ್ಲಿ ನೋಡಿದವಳು, ನನ್ನ ಗಲ್ಲ ಹಿಡಿದು, ನಿನ್ನ ಅಪ್ಪಯ್ಯ ಬಂದಿದ್ರ್ ಮಗಾ, ಟೀವಿಯಗೆ, ನಾನ್ ಕಂಡೆ ಅಂದಳು, ನಾನು ನಕ್ಕೆ, ಅದ್ ನಾನೇ ಅಬ್ಬಿ ಅಂದೆ, ನಿಂಗೆ ಎಂತ ಗೊತ್ತಿತ್, ಅವ್ರ ಮೋರೆ ಕಂಡವ್ಳ್ ನಾನಲ್ದಾ ಎಂದಳು, ಸಾಯುವವರೆಗೂ ಅದೇ ಮಾತು.

ಹ್ವಾಯ್ ಅಜ್ಜಯ್ಯ, ಬಂತ್ ಕಾಣಿ — ಬಾಗಿಲು ತೆರೆಯಿತು, ಕರಿಕೋಟಿನವನು ಬಗ್ಗುತ್ತಿದ್ದಾನೆ, ನಾನೇ, ನಾನೇ ಅಂದುಕೊಳ್ಳುತ್ತೇನೆ, ಅಲ್ಲ, ಯಾವ ಕನ್ನಡಿಯಲ್ಲೂ ಈ ಮನುಷ್ಯನನ್ನು ಕಂಡಿಲ್ಲ, ಕೆಳತುಟಿ ಹಾಗೆ ಬಿಗಿಯುವುದು, ನೆಲವನ್ನು ನೀರೆಂದೇ ನಂಬಿ ನೋಡುವ ಕಣ್ಣು — ಹೆಗಲಿನಿಂದ ನನ್ನನ್ನು ಮರಳಿಗಿಳಿಸಿದವರು, ಮನೆಗ್ ಹೋಗ್ ಮಗಾ, ಬತ್ತೆ, ಅಂದವರು, ಅಯ್ಯೋ ಅಬ್ಬಿ, ನೀನು ಸುಳ್ಳು ಹೇಳಿರಲಿಲ್ಲ, ಇವರೇ, ಇವರೇ — ದೀಕ್ಷಾ, ನಿಲ್ಸ್, ಅಲ್ಲೇ ನಿಲ್ಸ್ ಮಗಾ, ಮುಂದೆ ಹೋಪ್ದ್ ಬ್ಯಾಡ — ಬೆರಳಿಟ್ಟಳು, ನಿಂತಿತು, ಬಗ್ಗಿದ ಆ ಮುಖ, ನೆಲ ಮುಟ್ಟಿದ ಕೈ, ಕಣ್ಣಿಗಿನ್ನೂ ಮುಟ್ಟದ ಕೈ