ಗಾಜಿನ ಬಟ್ಟಲಿಗೆ ನೂರಾ ಅರವತ್ತು

ರವಿವಾರ ಬೆಳಿಗ್ಗೆ ಎಂಟಕ್ಕೆ ಬೆಳಗಾವಿಯ ಮಹಾಂತೇಶ ನಗರ ಬಿಟ್ಟ ಪೂರ್ಣಿಮಾ ಒಂಬತ್ತೂಕಾಲಿಗೆ ಖಾನಾಪುರದ ಸೋದರತ್ತೆಯ ಮನೆ ತಲುಪಿ, ಹತ್ತಕ್ಕೆ ಹಿಟ್ಟು ಕಲಸಿ, ಹತ್ತೂಕಾಲಿಗೆ ಗಾಜಿನ ಬಟ್ಟಲನ್ನು ಓವನ್ನಿನೊಳಗಿಟ್ಟಳು. ಹನ್ನೊಂದಕ್ಕೆ ತೆಗೆಯಬೇಕು.

ಅತ್ತೆ ದಾನೇಶ್ವರಿಯೊಡನೆ ಆದ ಕರಾರು ಇಷ್ಟೇ: ಇವತ್ತಿನ ಕೇಕನ್ನು ಓಣಿಯ ಹೆಂಗಸರು ತಿಂದು ಒಪ್ಪಿದರೆ, ಮನೆಯ ಮುಂದಿನ ಕೋಣೆಯಲ್ಲಿ ಪೂರ್ಣಿಮಾ ಕೇಕಿನ ಕ್ಲಾಸು ನಡೆಸಬಹುದು. ಬೆಳಗಾವಿಯಲ್ಲಿ ಅಂಥ ಕ್ಲಾಸು ಓಣಿಗೊಂದು. ಅಲ್ಲಿ ಕಲಿಸುವವರಿಗೆ ಉಷ್ಣತೆಯ ಗಂಧಗಾಳಿಯಿಲ್ಲ ಎಂಬುದು ರಸಾಯನಶಾಸ್ತ್ರದ ಪದವೀಧರೆಯಾದ ಅವಳ ಖಚಿತ ಅಭಿಪ್ರಾಯ. ಅತ್ತೆಯ ಬಗ್ಗೆ ಅಭಿಪ್ರಾಯ ಅದಕ್ಕಿಂತ ಕೆಳಗಿನದು. ಹಿಂದಿನ ವಾರ ಇದೇ ಬಟ್ಟಲಿನಲ್ಲಿ ಅತ್ತೆ ಮಾಡಿದ ಕೇಕು ಅಂಚಿನಲ್ಲಿ ಕರಕಲು, ನಡುವೆ ಹಸಿ ಹಿಟ್ಟು.

"ಎಷ್ಟಕ್ಕ ಇಟ್ಟಿದ್ರಿ ಅತ್ತಿ?"

"ನೂರಾ ಎಂಬತ್ತು ಡಿಗ್ರಿ. ಪುಸ್ತಕದಾಗ ಹಂಗ ಬರದಿತ್ತು."

"ಅದು ತಗಡಿನ ಡಬ್ಬಿಗೆ ರೀ. ಗಾಜು ನಿಧಾನ ಕಾಯ್ತದ, ಕಾದ ಮ್ಯಾಲ ಬಿಸಿ ಬಿಡೂದಿಲ್ಲ. ನೂರಾ ಅರವತ್ತು ಸಾಕು. ಸಾಲ್ಯಾಗ ಸಣ್ಣ ಹುಡುಗ್ರಿಗೂ ಹೇಳ್ತಾರ."

"ನಾನೂ ಸಾಲಿಗೆ ಹೋಗೇನವಾ. ಆಗ ಕೇಕಿನ ಪಾಠ ಇರ್ಲಿಲ್ಲ."

ದಾನೇಶ್ವರಿ ಒದ್ದೆ ಅರಿವೆ ಹಿಂಡಿ ಕಲ್ಲಿನ ಅಡುಗೆಕಟ್ಟೆ ಒರೆಸತೊಡಗಿದಳು. ತಿನ್ನುವ ಪದಾರ್ಥ ಇಳಿಸುವ ಮೊದಲು ಆ ಜಾಗವನ್ನು ನೀರಿನಿಂದ ಒರೆಸುವುದು ಆ ಮನೆಯ ರೂಢಿ; ಚಹಾದ ಕಪ್ಪಿಗೂ ವಿನಾಯಿತಿಯಿಲ್ಲ. ಅಳತೆ ತಿಳಿಯದವರಿಗೆ ಒರೆಸುವುದೊಂದೇ ಉಳಿಯುತ್ತದೆ ಎಂದುಕೊಂಡು ಪೂರ್ಣಿಮಾ ಗಡಿಯಾರದತ್ತ ತಿರುಗಿದಳು.

ಹನ್ನೊಂದಕ್ಕೆ ಬಟ್ಟಲು ಹೊರಬಂತು. ಗಾಜಿನ ಮೂಲಕ ಕಂಡ ತಳವೆಲ್ಲ ಒಂದೇ ಹೊಂಬಣ್ಣ. ನಡುವೆ ಚುಚ್ಚಿದ ಕಡ್ಡಿಗೆ ಏನೂ ಅಂಟಲಿಲ್ಲ.

"ನೋಡ್ರಿ ಅತ್ತಿ, ಇದಕ್ಕ ಲೆಕ್ಕ ಅಂತಾರ," ಎಂದಳು, ಪಡಸಾಲೆಯಲ್ಲಿ ಕಾಯುತ್ತಿದ್ದ ಹೆಂಗಸರಿಗೂ ಕೇಳುವಂತೆ.

"ತಡಿಯವಾ, ಈಗರ ಒರಸೇನಿ, ಕಟ್ಟಿ ಇನ್ನೂ ಆರಿಲ್ಲ."

"ನಿಮ್ಮ ಒರಸೂದು ಮುಗಿಯೂದಲ್ಲ ಬಿಡ್ರಿ," ಎನ್ನುತ್ತ ಪೂರ್ಣಿಮಾ ಬಟ್ಟಲನ್ನು ಕಟ್ಟೆಯ ಮೇಲಿಟ್ಟಳು.

ಟಪ್ಪೆಂದಿತು. ಬಟ್ಟಲು ಮೂರು ಹೋಳಾಗಿ, ಗಾಜಿನ ಚೂರುಗಳು ಕೇಕಿನ ತುಂಬ ಸಿಡಿದವು.

ದಾನೇಶ್ವರಿ ಅರಿವೆಯನ್ನು ಮಡಚಿ ಮೊಳೆಗೆ ತೂಗುಹಾಕಿದಳು.

"ಕಾದ ಗಾಜು ಒದ್ದಿ ಕಲ್ಲಿನ ಮ್ಯಾಲ ಇಡಬಾರದು ಅಂತ ನಿಮ್ಮ ಸಾಲ್ಯಾಗ ಹೇಳಿರ್ಲಿಲ್ಲೇನು?"

ಹೇಳಿದ್ದರು. ಪರೀಕ್ಷೆಯಲ್ಲಿ ಆ ಪ್ರಶ್ನೆಗೆ ಪೂರ್ಣಿಮಾಳಿಗೆ ಪೂರ್ತಿ ಅಂಕ ಬಂದಿತ್ತು.

ಹೆಂಗಸರು ಚಹಾ ಕುಡಿದು ಎದ್ದರು. ಕ್ಲಾಸಿಗೆ ಜಾಗ ಮಾಡಲೆಂದು ಮುಂದಿನ ಕೋಣೆಯಿಂದ ಹಿತ್ತಲಿಗೆ ಸಾಗಿಸಿದ್ದ ಅಕ್ಕಿಯ ಚೀಲಗಳು ಮಧ್ಯಾಹ್ನದೊಳಗೆ ಆ ಕೋಣೆಗೇ ಮರಳಿದವು.

ಕೇಕು ನೂರಾ ಅರವತ್ತರಲ್ಲಿ ಸರಿಯಾಗಿ ಬೆಂದಿತ್ತು; ಅದನ್ನು ಯಾರೂ ತಿನ್ನುವಂತಿರಲಿಲ್ಲ.